500 ಪ್ರತಿಯಲ್ಲಿ ಕಾವ್ಯದ ದಿಕ್ಕು ಹೇಗೆ ಬದಲಾಯಿತು? ವರ್ಡ್ಸ್‌ವರ್ತ್, ಬೈರನ್ ಕಾಲದಲ್ಲಿ ಪುಸ್ತಕ ಕೊಳ್ಳುತ್ತಿದ್ದವರು ಯಾರು?

ಮಂಚದ ಕೆಳಗಿನ ಕವಿ (ಹುಬ್ಬಳ್ಳಿ)

ಎಲ್ಲರಿಗೂ ನಮಸ್ಕಾರ. ಪ್ರಶ್ನೆ ಸ್ವಲ್ಪ ಉದ್ದ ಇದೆ, ಬೈಯಬೇಡಿ.

ವಿದ್ಯಾನಗರದಲ್ಲಿ ನಮ್ಮದೊಂದು ಸಣ್ಣ ಓದುವ ಬಳಗ ಇದೆ. ತಿಂಗಳಿಗೊಮ್ಮೆ ಯಾರದಾದರೂ ಮನೆಯಲ್ಲಿ ಸೇರುತ್ತೇವೆ, ಗಿರ್ಮಿಟ್ ತಿನ್ನುತ್ತೇವೆ, ಒಬ್ಬರು ಮಾತಾಡುತ್ತಾರೆ. ಮುಂದಿನ ಪಾಳಿ ನನ್ನದು. ವಿಷಯ ಇಂಗ್ಲಿಷಿನ ರೊಮ್ಯಾಂಟಿಕ್ ಕವಿಗಳು. ಬಿ.ಎ. ಓದುವಾಗಿನ ನೋಟ್ಸ್ ತೆಗೆದರೆ ಎಲ್ಲ ಕಡೆ ಒಂದೇ ಮಾತು: 1798ರಲ್ಲಿ ವರ್ಡ್ಸ್‌ವರ್ತ್ ಮತ್ತು ಕೋಲ್‌ರಿಡ್ಜ್ ಸೇರಿ ‘ಲಿರಿಕಲ್ ಬ್ಯಾಲಡ್ಸ್’ ತಂದರು, ಕಾವ್ಯದ ದಿಕ್ಕೇ ಬದಲಾಯಿತು. ಸರಿ, ಒಪ್ಪೋಣ. ಆದರೆ ಮೊನ್ನೆ ಗೊತ್ತಾಯಿತು, ಆ ಪುಸ್ತಕ ಅಚ್ಚಾದದ್ದು ಬರೀ 500 ಪ್ರತಿ. ಅದರ ಮೇಲೆ ಕವಿಗಳ ಹೆಸರೂ ಇರಲಿಲ್ಲವಂತೆ!

ಇಲ್ಲಿ ನನ್ನ ಕಥೆ ಹೇಳಲೇಬೇಕು. ಎರಡು ವರ್ಷದ ಹಿಂದೆ ನಾನೂ ಒಂದು ಕವನ ಸಂಕಲನ ಅಚ್ಚು ಹಾಕಿಸಿದೆ. ಸ್ವಂತ ದುಡ್ಡು, 500 ಪ್ರತಿ. ಬಿಡುಗಡೆ ದಿನ 60 ಹೋದವು, ಅದರಲ್ಲಿ 40 ಗೌರವ ಪ್ರತಿ. ಈಗ 370 ಮಂಚದ ಕೆಳಗಿವೆ. ನಮ್ಮ ಮನೆಯವಳು ಕಸಬರಿಗೆ ಹಿಡಿದಾಗಲೆಲ್ಲ ನನ್ನ ಕಾವ್ಯದ ಮೇಲೆ ಒಂದು ವಿಮರ್ಶೆ ಆಗುತ್ತದೆ.

ಹಂಗಾಗಿ ಕೇಳುತ್ತಿದ್ದೇನೆ. ಆಗ ಪುಸ್ತಕದ ಬೆಲೆ ಎಷ್ಟಿತ್ತು, ಯಾರು ಕೊಳ್ಳುತ್ತಿದ್ದರು, ಯಾಕೆ ಅಷ್ಟು ಕಡಿಮೆ ಅಚ್ಚು ಹಾಕುತ್ತಿದ್ದರು? ನನ್ನ 500ಕ್ಕೂ ಅವರ 500ಕ್ಕೂ ಏನು ವ್ಯತ್ಯಾಸ? (ಕವಿತೆಯ ಗುಣಮಟ್ಟ ಅಂತ ಮಾತ್ರ ಹೇಳಬೇಡಿ, ಅದು ಮನೆಯಲ್ಲೇ ಕೇಳಿ ಆಗಿದೆ.)

ಸಪ್ತಾಪುರದ ಮಾಸ್ತರು (ಧಾರವಾಡ)

ತಮ್ಮಾ, ಮೂವತ್ತು ವರ್ಷ ಇದೇ ಕವಿತೆಗಳನ್ನು ಪಾಠ ಮಾಡಿದೆ. ಒಬ್ಬ ಹುಡುಗನೂ ಪುಸ್ತಕದ ಬೆಲೆ ಎಷ್ಟಿತ್ತು ಅಂತ ಕೇಳಲಿಲ್ಲ, ನಾನೂ ಹೇಳಲಿಲ್ಲ. ನಿವೃತ್ತಿ ಆದ ಮೇಲೆ ಈ ಹುಚ್ಚು ಹಿಡಿಯಿತು.

ಮೊದಲು ಹೆಸರಿನ ವಿಚಾರ. ಹೆಸರು ಹಾಕುವುದು ಬೇಡ ಅಂದವನು ಕೋಲ್‌ರಿಡ್ಜ್. ಬ್ರಿಸ್ಟಲ್‌ನ ಪ್ರಕಾಶಕ ಜೋಸೆಫ್ ಕಾಟಲ್‌ಗೆ ಪತ್ರ ಬರೆದು, ವರ್ಡ್ಸ್‌ವರ್ತ್ ಹೆಸರಿಗೆ ಬೆಲೆಯೇ ಇಲ್ಲ, ನನ್ನ ಹೆಸರು ಬಹಳ ಜನಕ್ಕೆ ನಾರುತ್ತದೆ ಅನ್ನುವ ಅರ್ಥದ ಮಾತು ಹೇಳಿದ. ಆಮೇಲೆ ಕಾಟಲ್ ತನ್ನ ಹತ್ತಿರವಿದ್ದ ಪುಸ್ತಕಗಳ ಹಕ್ಕನ್ನು ಲಂಡನ್ನಿನ ಲಾಂಗ್‌ಮನ್‌ಗೆ ಮಾರಿದಾಗ, ‘ಲಿರಿಕಲ್ ಬ್ಯಾಲಡ್ಸ್’ ಹಕ್ಕಿಗೆ ಕಟ್ಟಿದ ಬೆಲೆ ಎಷ್ಟು ಗೊತ್ತಾ? ಸೊನ್ನೆ. ಕಾಟಲ್ ಆ ಹಕ್ಕನ್ನು ವಾಪಸ್ ಕೇಳಿ ಪಡೆದು ವರ್ಡ್ಸ್‌ವರ್ತ್‌ಗೆ ಸುಮ್ನೆ ಕೊಟ್ಟುಬಿಟ್ಟ. ನಿನ್ನ ಮಂಚದ ಕೆಳಗಿನ 370ಕ್ಕೆ ರದ್ದಿ ಬೆಲೆಯಾದರೂ ಇದೆ.

ಇನ್ನು ದರ. 1812ರಲ್ಲಿ ಬೈರನ್‌ನ ‘ಚೈಲ್ಡ್ ಹೆರಾಲ್ಡ್’ ಬಂತು. ಅದೂ ಮೊದಲು 500 ಪ್ರತಿ, ದೊಡ್ಡ ಕ್ವಾರ್ಟೊ ಆಕಾರ, 30 ಶಿಲ್ಲಿಂಗ್. ಮೂರು ದಿನದಲ್ಲಿ ಖಾಲಿ. ಆಗ ಹೊಲದಲ್ಲಿ ದುಡಿಯುವ ಆಳಿಗೆ ವಾರದ ಕೂಲಿ ಹೆಚ್ಚುಕಡಿಮೆ 10 ಶಿಲ್ಲಿಂಗ್. ಅಂದರೆ ಒಂದು ಕವನದ ಪುಸ್ತಕಕ್ಕೆ ಮೂರು ವಾರದ ದುಡಿಮೆ. ನಮ್ಮ ನವಲಗುಂದದ ಕಡೆ ಯಾವ ಕೂಲಿಕಾರ ಇಷ್ಟು ಕೊಟ್ಟು ಕವಿತೆ ಓದುತ್ತಾನೆ? ಸಾಹುಕಾರರ ಕೈಗೆಲ್ಲ ಪುಸ್ತಕ ಮುಟ್ಟಿದ ಮೇಲೆ ಪ್ರಕಾಶಕ ಜಾನ್ ಮರ್ರೆ ಅದನ್ನೇ ಸಣ್ಣ ಆಕ್ಟೇವೊ ಆಕಾರದಲ್ಲಿ 12 ಶಿಲ್ಲಿಂಗ್‌ಗೆ ತಂದ. ಹಿಂದೆ ಸಿನಿಮಾ ಮೊದಲು ಹುಬ್ಬಳ್ಳಿ ಥೇಟರಿಗೆ ಬಂದು, ವರ್ಷ ಬಿಟ್ಟು ಟೂರಿಂಗ್ ಟಾಕೀಸಿಗೆ ಬರುತ್ತಿತ್ತಲ್ಲ, ಅದೇ ಲೆಕ್ಕ.

ವರ್ಡ್ಸ್‌ವರ್ತ್‌ಗೆ ಆ ಅದೃಷ್ಟವೂ ಇರಲಿಲ್ಲ. 1814ರಲ್ಲಿ ‘ದಿ ಎಕ್ಸ್‌ಕರ್ಷನ್’ ಅಂತ ದೊಡ್ಡ ಕಾವ್ಯ ತಂದ. ಎರಡು ಗಿನಿ, ಅಂದರೆ 42 ಶಿಲ್ಲಿಂಗ್. 500 ಪ್ರತಿ. ಎರಡನೇ ಮುದ್ರಣ ಬಂದದ್ದು 1820ರಲ್ಲಿ.

ನೋಟ್ಸ್‌ನಲ್ಲಿ ಇಲ್ಲದ ಮುಖ್ಯ ಮಾತು ಇನ್ನೊಂದಿದೆ. 1774ರವರೆಗೆ ಲಂಡನ್ನಿನ ಪುಸ್ತಕ ವ್ಯಾಪಾರಿಗಳು ಹಳೆಯ ಕವಿಗಳ ಹಕ್ಕೂ ನಮ್ಮದೇ, ಎಂದೆಂದಿಗೂ ನಮ್ಮದೇ ಅಂತ ಹಿಡಿದು ಕೂತಿದ್ದರು. ಎಡಿನ್‌ಬರಾದ ಅಲೆಕ್ಸಾಂಡರ್ ಡೊನಾಲ್ಡ್‌ಸನ್ ಇದನ್ನು ಒಪ್ಪದೆ ಕೋರ್ಟಿಗೆ ಹೋದ. ಹೌಸ್ ಆಫ್ ಲಾರ್ಡ್ಸ್ ಅವನ ಪರ ತೀರ್ಪು ಕೊಟ್ಟಿತು, ಹಕ್ಕಿಗೆ ಗಡುವು ಇದೆ ಅಂತ ಗಟ್ಟಿಯಾಯಿತು. ತಗೋ, ಮಿಲ್ಟನ್, ಥಾಮ್ಸನ್ ಎಲ್ಲ ಅಗ್ಗವಾದರು. ಜಾನ್ ಬೆಲ್ ಅನ್ನುವವನು 1777ರಿಂದ ಹಳೆಯ ಕವಿಗಳನ್ನೆಲ್ಲ ಜೇಬಿನಲ್ಲಿ ಹಿಡಿಯುವ 109 ಸಣ್ಣ ಸಂಪುಟ ಮಾಡಿ ಮಾರಿದ. ಹಂಗಾಗಿ ‘ರೊಮ್ಯಾಂಟಿಕ್ ಯುಗ’ದಲ್ಲಿ ಕೈಯಲ್ಲಿ ಹೆಚ್ಚು ದುಡ್ಡಿಲ್ಲದ ಓದುಗ ಓದುತ್ತಿದ್ದದ್ದು ರೊಮ್ಯಾಂಟಿಕ್ ಕವಿಗಳನ್ನಲ್ಲ, ಅವರ ಅಜ್ಜಂದಿರ ಕಾಲದವರನ್ನು.

ಬೆಟಗೇರಿ ಮೊಳೆಕೇಸು (ಗದಗ)

ಮಾಸ್ತರು ಬೆಲೆ ಹೇಳಿದರು, ನಾನು ಪ್ರೆಸ್ಸಿನ ಕಡೆಯಿಂದ ಹೇಳುತ್ತೇನೆ. ನಮ್ಮ ಅಪ್ಪ ಗದುಗಿನಲ್ಲಿ ಕಂಪೋಜಿಟರ್, ನಾನು ಸಣ್ಣವನಿದ್ದಾಗ ಬೇಸಿಗೆ ರಜೆ ಪೂರ್ತಿ ಮೊಳೆ (ಅಚ್ಚಿನ ಅಕ್ಷರ) ಬಿಚ್ಚಿ ಕೇಸಿಗೆ, ಅಂದರೆ ಅವುಗಳ ಖಾನೆ ಪೆಟ್ಟಿಗೆಗೆ ಹಾಕುವ ಕೆಲಸ. ನಾಟಕದ ಪುಸ್ತಕ, ಪಂಚಾಂಗ, ಮದುವೆ ಕಾರ್ಡು, ಎಲ್ಲ ಅದೇ ಕೈಯಲ್ಲಿ.

ಕ್ವಾರ್ಟೊ, ಆಕ್ಟೇವೊ ಅಂದರೆ ಗಾಬರಿ ಬೇಡ. ಹಾಳೆಯನ್ನು ಎರಡು ಸಲ ಮಡಚಿದರೆ ನಾಲ್ಕು ಎಲೆ, ಅದು ಕ್ವಾರ್ಟೊ. ಮೂರು ಸಲ ಮಡಚಿದರೆ ಎಂಟು ಎಲೆ, 16 ಪುಟ, ಅದು ಆಕ್ಟೇವೊ. ನಮ್ಮ ಕನ್ನಡ ಪುಸ್ತಕದ ಒಳಪುಟದಲ್ಲಿ ‘ಡೆಮಿ 1/8’ ಅಂತ ಇರುತ್ತಲ್ಲ, ಆ ಎಂಟು ಇದೇ ಎಂಟು.

500 ಯಾಕೆ ಅಂತ ಕೇಳಿದಿರಿ. ಲೆಕ್ಕ ಹಾಕಿ ನೋಡೋಣ. ‘ಲಿರಿಕಲ್ ಬ್ಯಾಲಡ್ಸ್’ 200 ಚಿಲ್ಲರೆ ಪುಟ, ಹದಿನಾಲ್ಕು ಫಾರಂ ಹಿಡಿಯಿರಿ (16 ಪುಟದ ಒಂದು ಹಾಳೆ ಅಂದರೆ ಒಂದು ಫಾರಂ). 500 ಪ್ರತಿಗೆ 7000 ಹಾಳೆ. ಎರಡೂ ಕಡೆ ಅಂದರೆ 14,000 ಒತ್ತು. ಕೈ ಪ್ರೆಸ್ಸಿನಲ್ಲಿ ಒಬ್ಬ ಮಸಿ ಹಚ್ಚಿ ಒಬ್ಬ ಎಳೆದರೆ ಗಂಟೆಗೆ ಹೆಚ್ಚೆಂದರೆ 250. ಒಟ್ಟು ಐವತ್ತಾರು ಗಂಟೆ, ಒಂದು ವಾರದ ಕೆಲಸ. ಅಂದರೆ ಒತ್ತುವುದು ಕಷ್ಟವಲ್ಲ. ಕಷ್ಟ ಇದ್ದದ್ದು ಕಾಗದದಲ್ಲಿ. ಆಗಿನ ಕಾಗದ ಮರದ್ದಲ್ಲ, ಹಳೆಯ ಬಟ್ಟೆ ಚಿಂದಿಯದ್ದು. ಒಂದೊಂದು ಹಾಳೆ ಕೈಯಲ್ಲಿ ಎತ್ತಬೇಕು. ಫ್ರಾನ್ಸ್ ಜೊತೆ ಯುದ್ಧ ನಡೆದಿತ್ತು, ಕಾಗದಕ್ಕೆ ಸರ್ಕಾರದ ತೆರಿಗೆ ಬೇರೆ. ಆ ದುಡ್ಡನ್ನೆಲ್ಲ ಪುಸ್ತಕ ಮಾರುವ ಮೊದಲೇ ಸುರಿಯಬೇಕು. ಮಾರಾಟ ಆಗಲಿಲ್ಲ ಅಂದರೆ ಪ್ರಕಾಶಕ ಮುಳುಗಿದ.

ಹಾಗಾದರೆ ಮೊಳೆ ಹಾಗೇ ಇಟ್ಟುಕೊಂಡು ಬೇಕಾದಾಗ ಒತ್ತಬಹುದಿತ್ತಲ್ಲ ಅನ್ನಬೇಡಿ. ಮೊಳೆ ಯಾವ ಪ್ರೆಸ್ಸಿನಲ್ಲೂ ಅಷ್ಟು ಇರುತ್ತಿರಲಿಲ್ಲ. ಒಂದು ಫಾರಂ ಆದ ಕೂಡಲೇ ಬಿಚ್ಚಿ ಮುಂದಿನದ್ದಕ್ಕೆ ಜೋಡಿಸಬೇಕು. ಎರಡನೇ ಮುದ್ರಣ ಅಂದರೆ ಮೊದಲಿನಿಂದ ಮತ್ತೆ ಮೊಳೆ ಜೋಡಿಸುವುದು, ಮತ್ತೆ ಪ್ರೂಫ್, ಮತ್ತೆ ಹೊಸ ತಪ್ಪು. ನಾನು ಬಾಲ್ಯದಲ್ಲಿ ‘ಪಾರ್ವತಿ’ಯನ್ನು ‘ಪಾರ್ತಿವ’ ಮಾಡಿ ತಿಂದ ಏಟು ಇನ್ನೂ ನೆನಪಿದೆ.

ಉಗಿ ಯಂತ್ರ ಬಂದದ್ದೂ ಆ ಕಾಲದಲ್ಲೇ. 1814ರ ನವೆಂಬರ್ 29ರಂದು ಲಂಡನ್ನಿನ ‘ಟೈಮ್ಸ್’ ಪತ್ರಿಕೆ ಕೋನಿಗ್ ಯಂತ್ರದಲ್ಲಿ ಅಚ್ಚಾಯಿತು, ಗಂಟೆಗೆ 1100 ಹಾಳೆ. ಆಳುಗಳು ಗಲಾಟೆ ಮಾಡುತ್ತಾರೆ ಅಂತ ಯಾರಿಗೂ ಹೇಳದೆ ರಾತ್ರಿ ಗುಟ್ಟಾಗಿ ಅಚ್ಚು ಹಾಕಿದರು. ಆಫ್‌ಸೆಟ್ ಬಂದಾಗ ನಮ್ಮ ಅಪ್ಪನ ಮುಖ ನೋಡಿದವನಿಗೆ ಆ ರಾತ್ರಿ ಅರ್ಥವಾಗುತ್ತದೆ. ಆದರೆ ಯಂತ್ರ ಪತ್ರಿಕೆಗೆ ಬಂತು, ಕವಿತೆ ಪುಸ್ತಕಕ್ಕೆ ಬಹಳ ದಿನ ಕೈ ಪ್ರೆಸ್ಸೇ ಗತಿ.

ವಾದ ಇಲ್ಲದೆ ಊಟ ಇಲ್ಲ (ಹುಬ್ಬಳ್ಳಿ)

ಎಲ್ಲರೂ ಅಳುತ್ತಾ ಕೂತಿದ್ದೀರಿ. ಅದೇ ಬೈರನ್ 1814ರಲ್ಲಿ ‘ದಿ ಕೋರ್ಸೇರ್’ ತಂದಾಗ ಒಂದೇ ದಿನಕ್ಕೆ 10,000 ಪ್ರತಿ ಹೋಯಿತು. ಕವಿತೆ ಓಡೋದಿಲ್ಲ ಅನ್ನೋದು ಓಡದ ಕವಿಗಳು ಹೇಳುವ ಮಾತು. ಕಥೆ ಇರಲಿ, ಕಡಲುಗಳ್ಳ ಇರಲಿ, ಕೆಟ್ಟ ಹೆಸರಿನ ಸಾಹುಕಾರ ಕವಿ ಇರಲಿ, ಜನ ಮುಗಿಬೀಳುತ್ತಾರೆ.

ಸಪ್ತಾಪುರದ ಮಾಸ್ತರು (ಧಾರವಾಡ)

ಹೌದಪ್ಪಾ, ಆದರೆ ಅಂಥವರು ಬೆರಳೆಣಿಕೆಯಷ್ಟೇ. ಬೈರನ್ ಕಥೆಯಲ್ಲೇ ಇನ್ನೊಂದು ತಮಾಷೆ ಕೇಳು. 1819ರಲ್ಲಿ ‘ಡಾನ್ ಜುವಾನ್’ ಬಂತು, ಮೊದಲ ಪುಟದಲ್ಲಿ ಕವಿಯ ಹೆಸರಿಲ್ಲ, ಪ್ರಕಾಶಕನ ಹೆಸರೂ ಇಲ್ಲ. ಬೆಲೆ ಮಾತ್ರ ಜಾಸ್ತಿ. ಕಳ್ಳ ಮುದ್ರಕರು ಕೂಡಲೇ ಅಗ್ಗದ ಪ್ರತಿ ತಂದರು. ಅವರನ್ನು ಕೋರ್ಟಿಗೆ ಎಳೆಯುವುದೂ ಸುಲಭ ಇರಲಿಲ್ಲ. ಯಾಕೆಂದರೆ 1817ರಲ್ಲಿ ಸದಿ ಅನ್ನುವ ಕವಿಯ ‘ವಾಟ್ ಟೈಲರ್’ ನಾಟಕ ಹೀಗೇ ಕಳುವಾಗಿತ್ತು. ಹುಡುಗನಿದ್ದಾಗ ಕ್ರಾಂತಿಯ ಹುಮ್ಮಸ್ಸಿನಲ್ಲಿ ಬರೆದದ್ದು. ಈಗ ಅವನೇ ರಾಜನ ಆಸ್ಥಾನಕವಿ, ಮುಜುಗರ ಆಗದೆ ಇರುತ್ತಾ? ತಡೆಯಿರಿ ಅಂತ ಓಡಿದ. ನ್ಯಾಯಾಧೀಶ ಎಲ್ಡನ್ ಏನು ಹೇಳಿದ? ಪುಸ್ತಕ ಸಮಾಜಕ್ಕೆ ಕೇಡು ಮಾಡುವಂಥದ್ದಾದರೆ ಅದರ ಮೇಲೆ ಹಕ್ಕು ಕೇಳಲು ಬರುವುದಿಲ್ಲ. ಅಂದರೆ ಕೆಟ್ಟ ಪುಸ್ತಕ ಅಂತ ಕೋರ್ಟು ಅಂದರೆ ಅದನ್ನು ಯಾರು ಬೇಕಾದರೂ ಅಚ್ಚು ಹಾಕಬಹುದು! ಕೇಡು ಅಂದದ್ದೇ ಊರೆಲ್ಲ ಹಬ್ಬಿತು. ಅಗ್ಗದ ಬೈರನ್ ಕೂಲಿಕಾರನ ಕೈಗೆ ಸಿಕ್ಕಿದ್ದು ಈ ಕಳ್ಳರ ದೆಸೆಯಿಂದ. ನಾನು ಓದುವಾಗ ಕಾಲೇಜಿನ ಎದುರಿನ ಝೆರಾಕ್ಸ್ ಅಂಗಡಿಗೆ ನಾವು ಕೈ ಮುಗಿಯುತ್ತಿದ್ದೆವಲ್ಲ, ಹಾಗೆ.

ಸುಮ್ನೆ ಓದುವವಳು (ಹಾವೇರಿ)

ಮಾಸ್ತರೇ, ಅಣ್ಣಾ, ನೀವೆಲ್ಲ ಕೊಳ್ಳುವವರ ಬಗ್ಗೆಯೇ ಹೇಳುತ್ತಿದ್ದೀರಿ. ಓದುವವರು ಕೊಳ್ಳಲೇಬೇಕು ಅಂತ ಯಾರು ಹೇಳಿದರು? ನಮ್ಮ ಅವ್ವ ಜೀವಮಾನದಲ್ಲಿ ಮೂರು ಕಾದಂಬರಿ ಕೊಂಡಿರಬಹುದು, ಓದಿದ್ದು ಮುನ್ನೂರರ ಮೇಲೆ. ಬಸ್‌ಸ್ಟ್ಯಾಂಡ್ ಹತ್ತಿರ ಬಾಡಿಗೆ ಲೈಬ್ರರಿ ಇತ್ತು, ದಿನಕ್ಕೆ ನಾಲ್ಕಾಣೆ. ಅಲ್ಲಿಂದ ಒಂದು ಪುಸ್ತಕ ಬಂದರೆ ಓಣಿಯ ಐದು ಮನೆ ಸುತ್ತಿ, ಒಗ್ಗರಣೆ ಕಲೆ ಹಚ್ಚಿಕೊಂಡು ವಾಪಸ್ ಹೋಗುತ್ತಿತ್ತು.

ಅಲ್ಲೂ ಅದೇ. ಕಾದಂಬರಿ ಓದಿದ್ದೆಲ್ಲ ಬಾಡಿಗೆ ಲೈಬ್ರರಿಯಲ್ಲಿ. ಲಂಡನ್ನಿನ ಲೆಡನ್‌ಹಾಲ್ ಬೀದಿಯಲ್ಲಿ ವಿಲಿಯಂ ಲೇನ್ ಅನ್ನುವವನು ಮಿನರ್ವಾ ಪ್ರೆಸ್ ಇಟ್ಟಿದ್ದ. ಭೂತದ ಕೋಟೆ, ಕಣ್ಮರೆಯಾದ ಮಗಳು, ಇಂಥವೇ ಕಾದಂಬರಿ. ತಾನೇ ಅಚ್ಚು ಹಾಕಿ ತನ್ನ ಲೈಬ್ರರಿಯಲ್ಲೇ ಬಾಡಿಗೆಗೆ ಕೊಡುವುದು. ಊರೂರಲ್ಲಿ ಯಾರಾದರೂ ಲೈಬ್ರರಿ ಹಾಕುತ್ತೇನೆ ಅಂದರೆ ಪುಸ್ತಕಗಳ ಪೂರ್ತಿ ಸೆಟ್ಟನ್ನೇ ಕಟ್ಟಿ ಕಳಿಸುತ್ತಿದ್ದ. ಕಾದಂಬರಿ ಮೂರು ಸಂಪುಟ ಇರುತ್ತಿದ್ದದ್ದಕ್ಕೂ ಲೈಬ್ರರಿಗೂ ಚೆನ್ನಾಗಿ ಹೊಂದಿಕೆ. ಒಂದೇ ಕಾದಂಬರಿಯನ್ನು ಒಂದೇ ವಾರ ಮೂವರಿಗೆ ಬಾಡಿಗೆಗೆ ಕೊಡಬಹುದು! 1821ರಲ್ಲಿ ಸ್ಕಾಟ್‌ನ ‘ಕೆನಿಲ್‌ವರ್ತ್’ ಬಂದಾಗ ಮೂರು ಸಂಪುಟಕ್ಕೆ ಒಂದೂವರೆ ಗಿನಿ, 31 ಶಿಲ್ಲಿಂಗ್ 6 ಪೆನ್ಸ್. ಆ ದರವೇ ಎಷ್ಟೋ ವರ್ಷ ಗಟ್ಟಿ ನಿಂತಿತು. ಅಷ್ಟು ಕೊಟ್ಟು ಮನೆಯಲ್ಲಿ ಇಟ್ಟುಕೊಳ್ಳುವವರು ಯಾರು?

ಜೇನ್ ಆಸ್ಟೆನ್ ಕಥೆ ಗೊತ್ತಲ್ವಾ? 1803ರಲ್ಲಿ ‘ಸುಸಾನ್’ ಅಂತ ಕಾದಂಬರಿಯನ್ನು ಕ್ರಾಸ್ಬಿ ಅನ್ನುವ ಪ್ರಕಾಶಕನಿಗೆ 10 ಪೌಂಡಿಗೆ ಮಾರಿದಳು. ಅವನು ಜಾಹೀರಾತು ಕೊಟ್ಟ, ಅಚ್ಚು ಹಾಕಲಿಲ್ಲ. 1816ರಲ್ಲಿ ಅದೇ 10 ಪೌಂಡ್ ಕೊಟ್ಟು ವಾಪಸ್ ತಗೊಂಡರು. ಅಷ್ಟೊತ್ತಿಗೆ ಅವಳ ನಾಲ್ಕು ಕಾದಂಬರಿ ಬಂದು ಒಳ್ಳೆ ಹೆಸರಾಗಿತ್ತು, ಆದರೆ ಯಾವುದರ ಮೇಲೂ ಅವಳ ಹೆಸರಿಲ್ಲ. ಮೊದಲನೆಯದರ ಮೇಲೆ ‘ಒಬ್ಬ ಮಹಿಳೆ ಬರೆದದ್ದು’ ಅಂತ ಅಷ್ಟೇ. ಆ ಹಳೆಯ ಕಾದಂಬರಿ ‘ನಾರ್ಥ್ಯಾಂಗರ್ ಅಬ್ಬೆ’ ಆಗಿ ಬಂದದ್ದು ಅವಳು ತೀರಿದ ಮೇಲೆ. ಅದರೊಳಗೆ ಒಬ್ಬ ಹುಡುಗಿ ಇನ್ನೊಬ್ಬಳಿಗೆ ಭಯಂಕರ ಕಾದಂಬರಿಗಳ ಪಟ್ಟಿ ಕೊಡುತ್ತಾಳೆ, ಏಳು ಪುಸ್ತಕ. ಏಳರಲ್ಲಿ ಆರು ಮಿನರ್ವಾದವು.

ಕವಿ ಅಣ್ಣ ಕೇಳಿದ ಮೊದಲ ಪ್ರಶ್ನೆಗೆ ನನಗೆ ತೋಚಿದ್ದು: ಪುಸ್ತಕ 500 ಇರಬಹುದು, ಕವಿತೆ 500 ಅಲ್ಲ. ವಿಮರ್ಶೆ ಪತ್ರಿಕೆಗಳು ಪುಟಗಟ್ಟಲೆ ಕವಿತೆ ಎತ್ತಿ ಹಾಕುತ್ತಿದ್ದವು. ‘ಎಡಿನ್‌ಬರಾ ರಿವ್ಯೂ’ 1810ರ ದಶಕದಲ್ಲಿ 12 ಸಾವಿರ ಪ್ರತಿ ದಾಟಿತ್ತು. ಬೈದು ಬರೆದರೂ ಕವಿತೆಯಂತೂ ಅಲ್ಲಿ ಇರುತ್ತಿತ್ತಲ್ಲ. ದಿನಪತ್ರಿಕೆಗಳೂ ಕವಿತೆ ಹಾಕುತ್ತಿದ್ದವು. ಪತ್ರಿಕೆಗೆ 1815ರಿಂದ 4 ಪೆನ್ಸ್ ಸ್ಟಾಂಪ್ ತೆರಿಗೆ, ಒಂದು ಪ್ರತಿಗೆ 7 ಪೆನ್ಸ್. ಹಂಗಾಗಿ ಕಾಫಿ ಅಂಗಡಿಯಲ್ಲಿ ಒಂದೇ ಪ್ರತಿಯನ್ನು ಹತ್ತಾರು ಜನ ಓದುವುದು, ನಮ್ಮ ಕಟಿಂಗ್ ಶಾಪಿನ ಪೇಪರಿನ ಹಾಗೆ. ಹೆಣ್ಣುಮಕ್ಕಳು ಇಷ್ಟವಾದ ಪದ್ಯವನ್ನು ನೋಟ್‌ಬುಕ್ಕಿಗೆ ಬರೆದಿಟ್ಟುಕೊಂಡು ಗೆಳತಿಗೆ ಕೊಡುವುದು. ನಮ್ಮ ಅವ್ವನ ಹತ್ತಿರ ಭಾವಗೀತೆಗಳ ಅಂಥ ನೋಟ್‌ಬುಕ್ ಇನ್ನೂ ಇದೆ, ಕವಿಯ ಹೆಸರು ಒಂದಕ್ಕೂ ಇಲ್ಲ.

ಮಂಚದ ಕೆಳಗಿನ ಕವಿ (ಹುಬ್ಬಳ್ಳಿ)

ಅಬ್ಬಾ! ಹತ್ತು ನಿಮಿಷದ ಮಾತಿಗೆ ಇದು ಜಾಸ್ತಿಯೇ ಆಯಿತು. ಒಂದು ಕೊನೆ ಪ್ರಶ್ನೆ. ಸ್ವಂತ ಪುಸ್ತಕ ತಂದು ಕೈ ಸುಟ್ಟುಕೊಳ್ಳದ ಕವಿ ಆಗ ಒಬ್ಬನೂ ಇರಲಿಲ್ಲವಾ?

ಸಪ್ತಾಪುರದ ಮಾಸ್ತರು (ಧಾರವಾಡ)

ಇದ್ದ. ರಾಬರ್ಟ್ ಬರ್ನ್ಸ್, ಸ್ಕಾಟ್ಲೆಂಡಿನ ರೈತ. 1786ರಲ್ಲಿ ಕಿಲ್ಮಾರ್ನಕ್ ಅನ್ನುವ ಊರಲ್ಲಿ ಅಚ್ಚಾಯಿತು, 612 ಪ್ರತಿ, 3 ಶಿಲ್ಲಿಂಗ್. ಮೊದಲು ಕರಪತ್ರ ಹಂಚಿ, ಪುಸ್ತಕ ತಗೊಳ್ಳುತ್ತೇವೆ ಅಂತ ಗೆಳೆಯರು, ನೆಂಟರ ಸಹಿ ಹಾಕಿಸಿಕೊಂಡು, ನೂರಾರು ಹೆಸರು ಕೂಡಿದ ಮೇಲೆ ಅಚ್ಚು ಹಾಕಿದರು. ಒಂದೇ ತಿಂಗಳಲ್ಲಿ ಹೆಚ್ಚುಕಡಿಮೆ ಖಾಲಿ. ನಮ್ಮ ಧಾರವಾಡದ ಮನೋಹರ ಗ್ರಂಥಮಾಲೆ 1933ರಲ್ಲಿ ಶುರುವಾದದ್ದೂ ಚಂದಾದಾರರನ್ನು ನಂಬಿ ಅಲ್ವಾ?

ಸುಮ್ನೆ ಓದುವವಳು (ಹಾವೇರಿ)

ನಮ್ಮ ಹಾವೇರಿ ಕಡೆಯ ಗಳಗನಾಥರನ್ನು ಬಿಟ್ಟರೆ ಹೇಗೆ ಮಾಸ್ತರೇ? ಪುಸ್ತಕದ ಗಂಟು ಹೊತ್ತು ಊರೂರು ತಿರುಗಿ ಮಾರಿದವರು. ಕವಿ ಅಣ್ಣ, 370 ಇವೆ ಅಂದಿರಲ್ಲ, ಒಂದೇ ಸಲ ಹೊರಬೇಡಿ, ಸೊಂಟ ಹಿಡಿಯುತ್ತೆ. ಈ ಕಡೆ ಬಂದರೆ ಹತ್ತು ತನ್ನಿ. ಎರಡು ನಾನು ದುಡ್ಡು ಕೊಟ್ಟು ತಗೊಳ್ಳುತ್ತೇನೆ, ಉಳಿದದ್ದು ನಮ್ಮ ಓಣಿಗೆ ಬಾಡಿಗೆಗೆ.

ಮಂಚದ ಕೆಳಗಿನ ಕವಿ (ಹುಬ್ಬಳ್ಳಿ)

ಮನೆಯವಳಿಗೆ ಈ ಉತ್ತರ ಓದಿ ಹೇಳಿದೆ. ಹತ್ತಲ್ಲ, ನೂರು ಒಯ್ಯಿರಿ ಅಂದಳು. ಚೀಲ ಅವಳೇ ಹುಡುಕುತ್ತಿದ್ದಾಳೆ.