ಪದಚರ್ಚೆ: ಜೆಟ್ ಸ್ಪ್ರೇ ಚೀಟಿಯಲ್ಲಿ ‘ಬಿಡಿ’ ಅಂದರೆ ಯಾವ ಬಿಡಿ?

ಗೆಳೆಯರೇ,

ಗಂಗಾವತಿಯಲ್ಲಿ ನಮ್ಮದು ಪೈಪು, ನಳ, ಫಿಟಿಂಗ್ ಮಾರುವ ಅಂಗಡಿ. ಸಂಡಾಸಿಗೆ ಹಾಕುವ ಜೆಟ್ ಸ್ಪ್ರೇ ಈಗ ಜಾಸ್ತಿ ಹೋಗುತ್ತಿದೆ. ಪ್ಲಂಬರ್ ಬರುವವರೆಗೆ ಯಾರು ಕಾಯುತ್ತಾರೆ ಅಂತ ಎಷ್ಟೋ ಜನ ತಾವೇ ಕೂಡಿಸಿಕೊಳ್ಳುತ್ತಾರೆ. ಅಂಥವರಿಗೆ ಮಾಲಿನ ಜೊತೆ ಕೊಡೋಣ ಅಂತ ಒಂದು ಪುಟದ ಕನ್ನಡ ಚೀಟಿ ಬರೆಯುತ್ತಿದ್ದೇನೆ. ಅದರ ಕೆಲವು ಮಾತು ಬಗೆಹರಿಯುತ್ತಿಲ್ಲ.

ಹೆಸರಿನ ಚಿಂತೆ ನನಗೆ ಅಷ್ಟಿಲ್ಲ. ಕೆಲವು ಪೊಟ್ಟಣದ ಮೇಲೆ ‘ಬಿಡೆ’ ಅಂತ ಇರುತ್ತದೆ. ಅದು ಫ್ರೆಂಚ್ ಪದ, ಮೊದಲು ಸಣ್ಣ ಕುದುರೆಗೆ ಹೇಳುತ್ತಿದ್ದದ್ದು. ಆಮೇಲೆ ತೊಳೆದುಕೊಳ್ಳುವ ತೊಟ್ಟಿಗೆ ಬಂತು. ನಮ್ಮ ಕಡೆ ಭಿಡೆ ಅಂದರೆ ಸಂಕೋಚ, ದಾಕ್ಷಿಣ್ಯ. ಮಾತಿನಲ್ಲಿ ಎರಡೂ ಒಂದೇ ಥರ ಕೇಳುತ್ತವೆ. ಹಾಗಾಗಿ ಅದನ್ನು ಕೈಬಿಟ್ಟು, ಗಿರಾಕಿಗಳು ಕೇಳುವ ಹಾಗೇ ‘ಜೆಟ್ ಸ್ಪ್ರೇ’ ಅಂತಲೇ ಬರೆದಿದ್ದೇನೆ. ಕಾಕ್ (ತಿರುವಿ ನೀರು ತಡೆಯುವ ನಳ), ಟೀ (ಮೂರು ಬಾಯಿಯ ಫಿಟಿಂಗ್), ವಾಷರ್ ಕೂಡ ಹಾಗೇ ಇರಲಿ. ಆ ಪದ ಹೇಳಿದರೆ ಯಾವ ಅಂಗಡಿಯವನೂ ಅದೇ ಸಾಮಾನು ಕೊಡುತ್ತಾನೆ.

ತೊಡಕು ಇರುವುದು ಕ್ರಿಯಾಪದದಲ್ಲಿ. ಮೊದಲು ಕೆಲಸ ಹೇಳುತ್ತೇನೆ. ಗೋಡೆಯ ಆಂಗಲ್ ಕಾಕ್‌ನಿಂದ ಫ್ಲಶ್ ಟ್ಯಾಂಕಿಗೆ ಅರ್ಧ ಇಂಚಿನ ಪೈಪು ಹೋಗಿರುತ್ತದೆ. ಕಾಕ್ ಬಂದ್ ಮಾಡಿ, ಒಮ್ಮೆ ಫ್ಲಶ್ ಮಾಡಿ ಟ್ಯಾಂಕು ಖಾಲಿ ಮಾಡಬೇಕು. ಆ ಪೈಪು ಬಿಚ್ಚಿ ನಡುವೆ ಟೀ ಹಾಕಬೇಕು. ಟೀಯ ಒಂದು ಬಾಯಿ ಟ್ಯಾಂಕಿಗೆ, ಇನ್ನೊಂದು ಸ್ಪ್ರೇಗೆ. ಸ್ಪ್ರೇ ಕಡೆಯ ಬಾಯಿಗೆ ಅದರದೇ ಕಾಕ್ ಇರುವ ಟೀ ತಗೊಳ್ಳಿ ಅಂತ ನಾನು ಒತ್ತಾಯ ಮಾಡುತ್ತೇನೆ. ಅದಿಲ್ಲದಿದ್ದರೆ ಗೋಡೆಯ ಕಾಕ್ ಬಂದ್ ಮಾಡಿದಾಗ ಟ್ಯಾಂಕೂ ತುಂಬುವುದಿಲ್ಲ. ಬರೀ ಥ್ರೆಡ್ ಇರುವ ಕಡೆ ಟೆಫ್ಲಾನ್ ಟೇಪ್ ಸುತ್ತಬೇಕು. ರಬ್ಬರ್ ವಾಷರ್ ಕೂತಿರುವ ನಟ್ಟಿಗೆ ಟೇಪ್ ಬೇಡ, ಅಲ್ಲಿ ನೀರು ತಡೆಯುವುದು ವಾಷರೇ. ಕೈಯಲ್ಲಿ ಬಿಗಿ ಮಾಡಿ, ಪಾನಾದಿಂದ ಸ್ವಲ್ಪ ತಿರುವಿದರೆ ಸಾಕು.

ಇಷ್ಟನ್ನು ಸಲೀಸಾಗಿ ಬರೆಯಬಹುದು. ಕಷ್ಟ ಬರುವುದು ದಿನಾ ಬಳಸುವ ಮಾತಿಗೆ. ನನ್ನ ಮುಂದಿರುವ ಒಂದು ಪೊಟ್ಟಣದ ಚೀಟಿಯಲ್ಲಿ ಹೀಗಿದೆ: “ಲಿವರ್ ಒತ್ತಿ ಬಿಡಿ. ಬಳಸಿದ ನಂತರ ಕವಾಟ ಬಿಡಬೇಡಿ.” ಕವಾಟ ಅಂದರೆ ಇಲ್ಲಿ ಕಾಕ್. ಮೊದಲ ವಾಕ್ಯವನ್ನೇ ನೋಡಿ. ಒತ್ತಿ, ಆಮೇಲೆ ಕೈ ತೆಗೆಯಿರಿ ಅಂತಲಾ? ಸುಮ್ನೆ ಒತ್ತಿಬಿಡಿ, ತಿಂದುಬಿಡಿ ಅನ್ನುವ ಹಾಗಾ? ಅಥವಾ ಒತ್ತಿ ನೀರು ಬಿಡಿ ಅಂತಲಾ? ಜಾಗ ಬಿಟ್ಟು ಬರೆದರೆ ಒಂದರ್ಥ, ಕೂಡಿಸಿ ಬರೆದರೆ ಇನ್ನೊಂದು ಅನ್ನಬಹುದು. ಆದರೆ ಚೀಟಿಯನ್ನು ಒಬ್ಬರು ಜೋರಾಗಿ ಓದುತ್ತಾರೆ, ಇನ್ನೊಬ್ಬರು ಕೇಳಿಕೊಂಡು ಕೆಲಸ ಮಾಡುತ್ತಾರೆ. ಕಿವಿಗೆ ಆ ಜಾಗ ಕಾಣುವುದಿಲ್ಲ, ಅಲ್ವಾ?

ನಮ್ಮಲ್ಲಿ ‘ಬಿಡು’ ಅಂದರೆ ಮೊದಲು ತಲೆಗೆ ಬರುವುದು ನೀರು ಹರಿಯುವುದು. “ಕೆನಾಲಿಗೆ ನೀರು ಬಿಟ್ಟರೇನ್ರಿ?” ಅಂತ ಮಳೆಗಾಲದಲ್ಲಿ ಊರೆಲ್ಲ ಕೇಳುತ್ತದೆ. “ನಳ ಬಿಟ್ಟಾರ, ಕೊಡ ತಗೊಂಡ ಬಾ” ಅನ್ನುವುದು ಓಣಿಯ ಮಾತು. ಹಾಗಾಗಿ ‘ಕವಾಟ ಬಿಡಬೇಡಿ’ ಅನ್ನುವುದನ್ನು ಇಲ್ಲಿಯವರು ‘ನೀರು ಬಿಡಬೇಡಿ’ ಅಂತ ಓದಬಹುದು. ‘ಕವಾಟ ಮರೆಯಬೇಡಿ, ಹಾಗೇ ಬಿಟ್ಟು ಹೋಗಬೇಡಿ’ ಅಂತಲೂ ಓದಬಹುದು. ಎರಡನೆಯ ಥರ ಓದಿದವರಿಗೆ ಏನು ಮಾಡಬೇಕು ಅನ್ನುವುದೇ ಗೊತ್ತಾಗುವುದಿಲ್ಲ.

‘ನೀರು ಕಟ್ಟಿ’ ಅಂತ ಬರೆಯೋಣವೆಂದರೆ ಅದೂ ಆಗದು. ಹೊಲಕ್ಕೆ ನೀರು ಕಟ್ಟುವುದು ಅಂದರೆ ನೀರು ಹಾಯಿಸುವುದು! ‘ನೀರು ನಿಲ್ಲಿಸಿ’ ಅಂದರೆ ಭತ್ತ ಬೆಳೆಯುವವರಿಗೆ ಗದ್ದೆಯಲ್ಲಿ ನೀರು ನಿಲ್ಲಿಸುವುದು. ‘ಮುಚ್ಚಿ’ ಅಂದರೆ ಮೇಲೊಂದು ಮುಚ್ಚಳ ಹಾಕುವುದು. ತುಂಗಭದ್ರಾ ಎಡದಂಡೆ ಕಾಲುವೆಯ ನೀರಿನಲ್ಲಿ ಬದುಕುವ ಊರಿದು. ಇಲ್ಲಿ ನೀರಿನ ಕ್ರಿಯಾಪದಗಳೆಲ್ಲ ಮೊದಲೇ ಗದ್ದೆಯ ಕೆಲಸಕ್ಕೆ ಸೇರಿಬಿಟ್ಟಿವೆ.

ಕೊನೆಗೆ ಉಳಿಯುವುದು ‘ಬಂದ್ ಮಾಡಿ’. ಪಾರಸಿ ಮೂಲದ್ದು, ಉರ್ದುವಿನಿಂದ ಬಂದದ್ದು ಅಂತ ಕೆಲವರು ಒಪ್ಪಲಿಕ್ಕಿಲ್ಲ. ಆದರೆ ಗಂಗಾವತಿ ಸೀಮೆ 1956ರವರೆಗೆ ಹೈದರಾಬಾದ್ ರಾಜ್ಯದಲ್ಲಿತ್ತು. ‘ಬಂದ್’ ಇಲ್ಲಿನ ಅಡುಗೆಮನೆಯ ಮಾತು. ಗದ್ದೆಯಲ್ಲೂ ಸಂಡಾಸಿನಲ್ಲೂ ಅದಕ್ಕೆ ಒಂದೇ ಅರ್ಥ. ಅದನ್ನು ತೆಗೆದು ‘ಸ್ಥಗಿತಗೊಳಿಸಿ’ ಅಂತ ಹಾಕಲು ನನಗೆ ಖಂಡಿತ ಮನಸ್ಸಿಲ್ಲ.

ಆದರೂ ಒಂದು ಕೊರತೆ ಇದೆ. ಲಿವರ್‌ನಿಂದ ಕೈ ತೆಗೆದರೆ ನೀರು ನಿಲ್ಲುತ್ತದೆ. ಜನ ಅದನ್ನೇ ‘ಬಂದ್ ಮಾಡಿದೆ’ ಅನ್ನುತ್ತಾರೆ. ಹಿಂದಿನ ಕಾಕ್, ಅಂದರೆ ಟೀಯಲ್ಲಿರುವುದು, ತೆರೆದೇ ಇರುತ್ತದೆ. ಸ್ಪ್ರೇಯ ಪೈಪಿನೊಳಗೆ ಹಗಲೂ ರಾತ್ರಿ ಒತ್ತಡ ಇರುತ್ತದೆ. ಮೇಲಿನ ಟ್ಯಾಂಕು 10 ಮೀಟರ್ ಎತ್ತರದಲ್ಲಿದ್ದರೆ ಚದರ ಸೆಂಟಿಮೀಟರಿಗೆ ಸುಮಾರು 1 ಕಿಲೋ, ಪ್ರೆಶರ್ ಪಂಪು ಇದ್ದರೆ ಇನ್ನೂ ಜಾಸ್ತಿ. ಪೈಪು ನಟ್ಟಿನ ಹತ್ತಿರ ಉಬ್ಬಿ ಒಂದು ದಿನ ಒಡೆಯಿತು ಅಂದರೆ ರಾತ್ರೋರಾತ್ರಿ ಟ್ಯಾಂಕು ಖಾಲಿ. ನಳ ದಿನಾ ಬರದ ಓಣಿಯಲ್ಲಿ ಆ ಮನೆಯವರ ಗತಿ ಏನು? ಅದಕ್ಕೇ ಈ ಎರಡು ‘ಬಂದ್’ಗಳನ್ನು ಬೇರೆ ಮಾಡಿ ಹೇಳುವ ಮಾತು ಬೇಕು.

ನನಗೆ ಹೊಳೆದದ್ದು ‘ತೂಬು’. ಕೆರೆಗೂ ಕಾಲುವೆಗೂ ಆ ಪದ ಇದೆ, ನೀರು ಬರುವ ಮೂಲದಲ್ಲೇ ತಡೆಯುವುದು ಅನ್ನುವ ಭಾವ ಅದರಲ್ಲಿ ಗಟ್ಟಿಯಾಗಿದೆ. ‘ಸ್ಪ್ರೇ ತೂಬು’ ಅಂತ ಬರೆದರೆ ರೈತರಿಗೆ ಥಟ್ಟನೆ ಹೊಳೆಯಬಹುದು. ಆದರೆ ಅಂಗೈಯಲ್ಲಿ ಹಿಡಿಯುವ ಕಾಕ್‌ಗೆ ಅಷ್ಟು ದೊಡ್ಡ ಪದವೇ ಅಂತ ಅನುಮಾನ. ‘ಬಿರಡೆ’ಯನ್ನೂ ಯೋಚಿಸಿದೆ. ಸೀಸೆಯ ಬಾಯಿಗೂ ತಂಬೂರಿಯ ತಂತಿಗೂ ಇರುವ ಪದ, ತಿರುವುವ ಅರ್ಥವೂ ಇದೆ. ಆದರೆ ಇಲ್ಲಿ ಅದನ್ನು ನಳಕ್ಕೆ ಹೇಳಿದ್ದು ಕೇಳಿಲ್ಲ.

ಸದ್ಯಕ್ಕೆ ಚೀಟಿ ಹೀಗಿದೆ: “ಲಿವರ್ ಒತ್ತಿ ಹಿಡಿದರೆ ನೀರು ಬರುತ್ತದೆ. ಕೈ ತೆಗೆದರೆ ನಿಲ್ಲುತ್ತದೆ. ಕೆಲಸ ಮುಗಿದ ಮೇಲೆ ಸ್ಪ್ರೇ ಪೈಪಿನ ಹಿಂದಿನ ಟೀ ಕಾಕ್ ಬಲಕ್ಕೆ ತಿರುವಿ ಬಂದ್ ಮಾಡಿ. ಆಮೇಲೆ ಒಮ್ಮೆ ಲಿವರ್ ಒತ್ತಿ ಪೈಪಿನೊಳಗಿನ ನೀರು ಖಾಲಿ ಮಾಡಿ.” ಕೊನೆಯ ವಾಕ್ಯ ಒತ್ತಡ ಇಳಿಸಲು. ಅದರಿಂದ ಕಾಕ್ ನಿಜಕ್ಕೂ ಬಂದ್ ಆಗಿದೆಯಾ ಅಂತಲೂ ಗೊತ್ತಾಗುತ್ತದೆ.

ಸಿಂಧನೂರು, ಮಾನ್ವಿ, ಸಿರುಗುಪ್ಪ ಕಡೆಯವರು ಹೇಳಿ: ನಿಮ್ಮ ಮನೆಯಲ್ಲಿ ಸ್ಪ್ರೇ ಹಿಂದಿನ ಕಾಕ್ ಬಂದ್ ಮಾಡುವುದಕ್ಕೆ ಬೇರೆ ಮಾತು ಇದೆಯಾ? ಆಂಧ್ರದಿಂದ ಬಂದು ನೆಲೆಸಿದ ಕ್ಯಾಂಪಿನ ತೆಲುಗಿನವರು ನಳಕ್ಕೆ ಕುಳಾಯಿ ಅನ್ನುತ್ತಾರೆ, ಕಾಕ್‌ಗೆ ಏನನ್ನುತ್ತಾರೆ? ‘ತೂಬು’ ಬಳಸಿದರೆ ವಯಸ್ಸಾದವರಿಗೆ ಸಲೀಸಾಗುತ್ತದೆಯೇ? ದಯವಿಟ್ಟು ಮನೆಯ ಹಿರಿಯರನ್ನೂ ಕೇಳಿ ಬರೆಯಿರಿ, ಅದಾದ ಮೇಲೆಯೇ ಚೀಟಿ ಅಚ್ಚಿಗೆ ಕೊಡುತ್ತೇನೆ.