ಓಹಾಯೊದಲ್ಲಿ ನಾವು ಸೋತೆವು. ಮಿಷಿಗನ್‌ನವರು ಗೆದ್ದದ್ದು ಹೇಗೆ?

ಕೊಲಂಬಸ್ ನಿವಾಸಿ (ಪ್ರಶ್ನೆ)

2023ರಲ್ಲಿ ನನಗೆ ಅಮೆರಿಕದ ಪೌರತ್ವ ಬಂತು. ಮರುವರ್ಷ ನಾನು ಮನಸ್ಸಿಟ್ಟು ಕೈಹಾಕಿದ ಮೊದಲ ಸಾರ್ವಜನಿಕ ಕೆಲಸವೇ ಸೋತಿತು. ಮತಕ್ಷೇತ್ರಗಳ ಗಡಿ ಎಳೆಯುವ ಅಧಿಕಾರವನ್ನು ರಾಜಕಾರಣಿಗಳ ಕೈಯಿಂದ ತೆಗೆದು 15 ನಾಗರಿಕರ ಆಯೋಗಕ್ಕೆ ಕೊಡಬೇಕೆಂಬ ಪ್ರಸ್ತಾವ 2024ರ ನವೆಂಬರ್‌ನಲ್ಲಿ ಓಹಾಯೊದ ಮತದಾರರ ಮುಂದೆ ಬಂದಿತ್ತು. ಮುಂದೆ ನಿಂತವರು ರಾಜ್ಯ ಸುಪ್ರೀಂ ಕೋರ್ಟಿನ ನಿವೃತ್ತ ಮುಖ್ಯ ನ್ಯಾಯಮೂರ್ತಿ ಮೊರೀನ್ ಓಕಾನರ್. ಅವರು ರಿಪಬ್ಲಿಕನ್ ಪಕ್ಷದವರೇ. ಪ್ರಸ್ತಾವವನ್ನು ಮತಕ್ಕೆ ಹಾಕಿಸಲು 7 ಲಕ್ಷಕ್ಕೂ ಹೆಚ್ಚು ಸಹಿಗಳು ಸಲ್ಲಿಕೆಯಾಗಿದ್ದವು. ಆದರೂ ಸುಮಾರು ಶೇ 54ರಷ್ಟು ಮಂದಿ ಬೇಡವೆಂದರು.

ಆರು ಶನಿವಾರ ನಾನು ಮನೆ ಮನೆಯ ಬಾಗಿಲು ತಟ್ಟಿದ್ದೆ. ಈಗಲೂ ಕಾಡುವುದು ಒಬ್ಬ ವೃದ್ಧರ ಮಾತು. ‘ಜೆರಿಮ್ಯಾಂಡರಿಂಗ್ (ಒಂದು ಪಕ್ಷಕ್ಕೆ ಅನುಕೂಲವಾಗುವಂತೆ ಕ್ಷೇತ್ರದ ಗಡಿ ಎಳೆಯುವುದು) ನಿಲ್ಲಬೇಕು, ಅದಕ್ಕಾಗಿಯೇ ಬೇಡ ಎಂದು ಮತ ಹಾಕಿ ಬಂದೆ’ ಎಂದರು. ಅವರದು ತಪ್ಪಲ್ಲ. ಹೊಸ ಆಯೋಗ ಜೆರಿಮ್ಯಾಂಡರಿಂಗ್ ಮಾಡಲೇಬೇಕಾಗುತ್ತದೆ ಎಂಬರ್ಥದ ಸಾಲು ಮತಪತ್ರದ ಸಾರಾಂಶದಲ್ಲೇ ಇತ್ತು! ನ್ಯಾಯಾಲಯವೂ 4–3ರ ತೀರ್ಪಿನಲ್ಲಿ ಆ ಸಾಲನ್ನು ಉಳಿಸಿತ್ತು.

2018ರಲ್ಲಿ ಮಿಷಿಗನ್ ಇಂಥದೇ ಪ್ರಸ್ತಾವವನ್ನು ಗೆಲ್ಲಿಸಿತಲ್ಲ, ಅದಕ್ಕೆ ಸಹಿ ಸಂಗ್ರಹಿಸಿದ ಕನ್ನಡಿಗರು ಇಲ್ಲಿ ಯಾರಾದರೂ ಇದ್ದೀರಾ? ಜನರಿಗೆ ಏನೆಂದು ಹೇಳಿ ಅರ್ಥ ಮಾಡಿಸಿದಿರಿ? ಮತ್ತೊಮ್ಮೆ ಹೊರಡುವ ಮುನ್ನ ತಿಳಿದುಕೊಳ್ಳಬೇಕು.

ಫಾರ್ಮಿಂಗ್‌ಟನ್ ಹಿಲ್ಸ್ ಟೀಚರ್

ನಾನಿದ್ದೇನೆ. ಗಣಿತದ ಶಿಕ್ಷಕಿಯಾಗಿ ನಿವೃತ್ತಳಾದವಳು, ಹುಟ್ಟೂರು ಸಾಗರ. ನಮ್ಮಲ್ಲಿ ಇದು ಶುರುವಾದದ್ದು 2016ರ ಚುನಾವಣೆ ಮುಗಿದ ಎರಡೇ ದಿನಕ್ಕೆ, ಕೇಟಿ ಫೇಹಿ ಎಂಬ 27ರ ಯುವತಿ ಫೇಸ್‌ಬುಕ್‌ನಲ್ಲಿ ಬರೆದ ಒಂದು ಸಣ್ಣ ಟಿಪ್ಪಣಿಯಿಂದ. ಮಿಷಿಗನ್‌ನ ಜೆರಿಮ್ಯಾಂಡರಿಂಗ್ ವಿರುದ್ಧ ಕೆಲಸ ಮಾಡಬೇಕೆಂದಿದ್ದೇನೆ, ಆಸಕ್ತಿಯಿದ್ದವರು ತಿಳಿಸಿ ಎಂದಷ್ಟೇ ಅದರಲ್ಲಿತ್ತು. ಅವರ ಸಂಘಟನೆ ಸಹಿಗಿಂತ ಮೊದಲು 33 ದಿನಗಳಲ್ಲಿ 33 ಊರುಗಳಲ್ಲಿ ಸಭೆ ನಡೆಸಿತು. ಹೇಗಿರಬೇಕು ನಿಮ್ಮ ಆಯೋಗ ಎಂದು ಜನರನ್ನೇ ಕೇಳಿದರು. ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ಕೇಳುವಿಕೆ.

2017ರ ಅಕ್ಟೋಬರ್‌ನಲ್ಲಿ ಸೇಬಿನ ರಸ ಹಿಂಡುವ ಗಿರಣಿಯ ಮುಂದೆ, ಬಿಸಿ ಡೋನಟ್‌ಗಾಗಿ ನಿಂತ ಸಾಲಿನಲ್ಲಿ, ನಾನು ಸಹಿ ಕೇಳತೊಡಗಿದೆ. ಮೊದಲ ದಿನ ‘ಪುನರ್ವಿಂಗಡಣೆ ಸುಧಾರಣೆ’ ಎಂದು ಪಾಠ ಮಾಡಿದೆ. ಸಾಲು ಮುಂದೆ ಹೋಯಿತು, ಸಹಿ ಬಂದದ್ದು ನಾಲ್ಕು. ಮರುವಾರ ಬಾಯಿ ಮುಚ್ಚಿಕೊಂಡು, ಬರೆಯುವ ಹಲಗೆಯ ಹಿಂಬದಿಗೆ ನಮ್ಮ ಆಗಿನ 14ನೇ ಕಾಂಗ್ರೆಸ್ ಕ್ಷೇತ್ರದ ನಕ್ಷೆ ಅಂಟಿಸಿದೆ. ‘ನಿಮ್ಮ ಮನೆ ಎಲ್ಲಿ ಬರುತ್ತದೆ, ಬೆರಳಿಟ್ಟು ತೋರಿಸುತ್ತೀರಾ?’ ಇಷ್ಟೇ ಪ್ರಶ್ನೆ. ಸೇಂಟ್ ಕ್ಲೇರ್ ಸರೋವರದ ದಂಡೆಯ ಗ್ರಾಸ್ ಪಾಯಿಂಟ್‌ನಿಂದ ಹೊರಟು, ಡೆಟ್ರಾಯ್ಟ್‌ನ ಒಂದು ಭಾಗವನ್ನು ಸೇರಿಸಿಕೊಂಡು, ಸೌತ್‌ಫೀಲ್ಡ್ ಹಾದು, ನಮ್ಮ ಫಾರ್ಮಿಂಗ್‌ಟನ್ ಹಿಲ್ಸ್‌ವರೆಗೆ ಬಂದು, ಮತ್ತೆ ಉತ್ತರಕ್ಕೆ ತಿರುಗಿ ಪಾಂಟಿಯಾಕ್ ಮುಟ್ಟುತ್ತಿತ್ತು ಆ ಕ್ಷೇತ್ರ. ಮಳೆಗಾಲದಲ್ಲಿ ಮಣ್ಣಿನ ಗೋಡೆಯ ಮೇಲೆ ಇಳಿದ ನೀರಿನ ಕಲೆಯ ಹಾಗೆ. ಬೆರಳಿಟ್ಟವರು ತಾವಾಗಿಯೇ ‘ಇದೇಕೆ ಹೀಗೆ?’ ಎಂದು ಕೇಳುತ್ತಿದ್ದರು. ಆ ಪ್ರಶ್ನೆ ಅವರಿಂದಲೇ ಬರಬೇಕು.

ನಮ್ಮ ಕನ್ನಡ ಬಳಗದವರಿಗೆ ಊಟದ ಮೇಜಿನ ಮೇಲೆ 15 ಅವರೆಕಾಳು, 10 ಹುಣಸೆಬೀಜ ಇಟ್ಟು ತೋರಿಸುತ್ತಿದ್ದೆ. ಐದೈದರ ಐದು ಗುಂಪು ಮಾಡಿ. ಮೂರು ಗುಂಪಿಗೆ ಮೂರು ಮೂರು ಹುಣಸೆಬೀಜ, ಎರಡೆರಡು ಅವರೆಕಾಳು ಹಾಕಿ. ಉಳಿದದ್ದನ್ನೆಲ್ಲ ಕೊನೆಯ ಎರಡು ಗುಂಪಿಗೆ ತುಂಬಿ. ಹತ್ತೇ ಇದ್ದ ಹುಣಸೆಬೀಜ ಐದರಲ್ಲಿ ಮೂರು ಕಡೆ ಗೆಲ್ಲುತ್ತದೆ! ಯಾರ ಮತವನ್ನೂ ಕದ್ದಿಲ್ಲ, ಗೆರೆಯನ್ನು ಮಾತ್ರ ಎಳೆದದ್ದು. 2012ರಲ್ಲಿ ನಮ್ಮ ರಾಜ್ಯದಲ್ಲಿ ಆದದ್ದೂ ಇದೇ. ಅಮೆರಿಕದ ಪ್ರತಿನಿಧಿ ಸಭೆಗೆ ಡೆಮಾಕ್ರಟರಿಗೆ ಹೆಚ್ಚು ಮತ ಬಿದ್ದಿತ್ತು, ಆದರೆ 14ರಲ್ಲಿ 9 ಸ್ಥಾನ ರಿಪಬ್ಲಿಕನ್ನರಿಗೆ ಹೋಯಿತು. ಪೆನ್ಸಿಲು ಡೆಮಾಕ್ರಟರ ಕೈಯಲ್ಲಿರುವ ರಾಜ್ಯಗಳಲ್ಲಿ ಅವರೂ ಇದನ್ನೇ ಮಾಡುತ್ತಾರೆ. ಸಹಿ ಕೇಳುವಾಗ ಎರಡನೆಯ ಮಾತನ್ನು ಬಿಡದೆ ಹೇಳಿ. ಅದನ್ನು ನುಂಗಿಕೊಂಡರೆ ಜನ ನಿಮ್ಮನ್ನು ನಂಬುವುದಿಲ್ಲ, ನಂಬಲೂಬಾರದು.

110 ದಿನಗಳಲ್ಲಿ 4 ಲಕ್ಷ 25 ಸಾವಿರಕ್ಕೂ ಹೆಚ್ಚು ಸಹಿ ಬಂತು, ಸಂಗ್ರಹಿಸಿದವರು ಸ್ವಯಂಸೇವಕರು. ನಮ್ಮನ್ನೂ ಕೋರ್ಟಿಗೆ ಎಳೆದರು. ಇಲ್ಲಿನ 4–3 ನಮ್ಮ ಪರವಾಗಿ ಬಂತು. ಶೇ 61ರಷ್ಟು ಮತ ಸಿಕ್ಕಿತು. ಈಗ 13 ಜನರ ಆಯೋಗವಿದೆ: ಎರಡೂ ಪಕ್ಷಗಳ ಕಡೆಯಿಂದ ನಾಲ್ಕು ನಾಲ್ಕು ಮಂದಿ, ಯಾವ ಪಕ್ಷಕ್ಕೂ ಸೇರದ ಐವರು. ಅರ್ಜಿ ಹಾಕಿದವರಲ್ಲಿ ಲಾಟರಿ ಎತ್ತುತ್ತಾರೆ. ಮೂರೂ ಗುಂಪುಗಳಿಂದ ಕನಿಷ್ಠ ಇಬ್ಬಿಬ್ಬರು ಒಪ್ಪದೆ ನಕ್ಷೆ ಅಂಗೀಕಾರವಾಗದು ಎಂಬುದು ಮೂಲ ನಿಯಮ. 2022ರಲ್ಲಿ ರಾಜ್ಯದ ಕೆಳಮನೆ ಡೆಮಾಕ್ರಟರಿಗೆ ಹೋಯಿತು, 2024ರಲ್ಲಿ ರಿಪಬ್ಲಿಕನ್ನರಿಗೆ. ನಕ್ಷೆ ಎರಡೂ ಸಲ ಅದೇ ಆಯೋಗದ್ದು; ಡೆಟ್ರಾಯ್ಟ್ ಸುತ್ತ ಗೆರೆ ತಿದ್ದಿದ್ದು ಬಿಟ್ಟರೆ ಬದಲಾದದ್ದು ಮತದಾರರ ಮನಸ್ಸು. ನಾನು ಚಳಿಯಲ್ಲಿ ನಿಂತದ್ದು ಇದಕ್ಕಾಗಿ.

ಎಡವಿದ್ದನ್ನೂ ಹೇಳಬೇಕು. ಡೆಟ್ರಾಯ್ಟ್ ಸುತ್ತಲಿನ 13 ಕ್ಷೇತ್ರಗಳನ್ನು ಜನಾಂಗದ ಲೆಕ್ಕ ಹಿಡಿದು ಎಳೆಯಲಾಗಿದೆ ಎಂದು ಫೆಡರಲ್ ನ್ಯಾಯಾಲಯ 2023ರ ಡಿಸೆಂಬರ್‌ನಲ್ಲಿ ತೀರ್ಪಿತ್ತಿತು. ಮೊಕದ್ದಮೆ ಹೂಡಿದವರು ಅಲ್ಲಿನ ಕಪ್ಪು ಮತದಾರರು. 2021ರ ಬೇಸಿಗೆಯಲ್ಲಿ ನಾನು ಆಯೋಗದ ಸಭೆಯೊಂದರಲ್ಲಿ ನಮ್ಮ ಭಾರತೀಯ ಕುಟುಂಬಗಳು ಎಲ್ಲೆಲ್ಲಿವೆ, ಯಾವ ದೇವಸ್ಥಾನ, ಯಾವ ಅಂಗಡಿ ನಮ್ಮನ್ನು ಒಟ್ಟಿಗೆ ಹಿಡಿದಿವೆ ಎಂದು ಹೇಳಿ, ತೃಪ್ತಿಯಿಂದ ಮನೆಗೆ ಬಂದಿದ್ದೆ. ಡೆಟ್ರಾಯ್ಟ್‌ನವರು ಹೇಳಿದ್ದನ್ನು ಕುಳಿತು ಕೇಳಲಿಲ್ಲ. ಅದು ನನಗೆ ಇಂದಿಗೂ ನೋವು.

ಕನಕಪುರದ ವಕೀಲ

ನಮ್ಮ ಅನುಭವವನ್ನೂ ಸೇರಿಸುತ್ತೇನೆ. 2008ರ ವಿಂಗಡಣೆಯಲ್ಲಿ ಕನಕಪುರ ಲೋಕಸಭಾ ಕ್ಷೇತ್ರವೇ ಇಲ್ಲವಾಗಿ ಬೆಂಗಳೂರು ಗ್ರಾಮಾಂತರ ಬಂತು. ನ್ಯಾಯಮೂರ್ತಿ ಕುಲದೀಪ್ ಸಿಂಗ್ ಅಧ್ಯಕ್ಷತೆಯ ಆ ಆಯೋಗದಲ್ಲಿ ಸಂಸದರು, ಶಾಸಕರು ಸಹಸದಸ್ಯರಾಗಿ ಕುಳಿತಿದ್ದರು, ಆದರೆ ಅವರಿಗೆ ಮತವಿರಲಿಲ್ಲ. ಓಹಾಯೊದವರು ಬಯಸುತ್ತಿರುವುದರ ಅರ್ಧ ನಮ್ಮಲ್ಲಿ ಆಗಲೇ ಇದೆ. ಆದರೆ ಡೆಟ್ರಾಯ್ಟ್‌ನವರಂತೆ ಕೋರ್ಟಿಗೆ ಹೋಗುವ ದಾರಿಗೆ ಸಂವಿಧಾನದ 329ನೇ ವಿಧಿ ಅಡ್ಡ ನಿಲ್ಲುತ್ತದೆ. ಹಾಗಾಗಿ ಕರಡು ಪ್ರಕಟವಾದಾಗ ಆಕ್ಷೇಪಣೆ ಸಲ್ಲಿಸುವುದೇ ನಾಗರಿಕನಿಗೆ ಸಿಗುವ ಮುಖ್ಯ ಅವಕಾಶ. ನಾನು ಆಗ ಕರಡನ್ನು ಓದಿ ಮಡಿಸಿಟ್ಟೆ. ಮುಂದಿನ ಸಲ ಹಾಗೆ ಮಾಡುವುದಿಲ್ಲ.

ಕೊಲಂಬಸ್ ನಿವಾಸಿ

ಅಕ್ಕ, ನಿನ್ನೆ ರಾತ್ರಿ ಮಗಳ ಮುಂದೆ ಕಾಳು ಹರಡಿದೆ. ಹುಣಸೆಬೀಜ ಸಿಗಲಿಲ್ಲ, ಕಡಲೆ ಇಟ್ಟೆ. ಮೂರನೇ ಗುಂಪು ಮುಗಿಯುವಷ್ಟರಲ್ಲಿ ‘ಅಪ್ಪಾ, ಇದು ಮೋಸ’ ಎಂದಳು. ವಕೀಲರಿಗೂ ಧನ್ಯವಾದ. ಈ ಶನಿವಾರವೇ ನಮ್ಮ ಕ್ಷೇತ್ರದ ನಕ್ಷೆ ಹಿಡಿದು ರೈತರ ಸಂತೆಗೆ ಹೋಗುತ್ತೇನೆ. ಸಹಿಯ ಕಾಲ ಬರುವ ಮೊದಲೇ ಜನ ಬೆರಳಿಡಲಿ. ನಕ್ಷೆ ಎಷ್ಟು ದೊಡ್ಡದಿರಬೇಕು?

ಫಾರ್ಮಿಂಗ್‌ಟನ್ ಹಿಲ್ಸ್ ಟೀಚರ್

ಹಲಗೆಯ ತುಂಬ. ರಸ್ತೆಗಳ ಹೆಸರು ಬೇಡ, ಊರುಗಳ ಹೆಸರು ದಪ್ಪಕ್ಷರದಲ್ಲಿರಲಿ, ಮೇಲೆ ಪ್ಲಾಸ್ಟಿಕ್ ಹಾಳೆ ಹೊದಿಸಿ. ಸಹಿಯ ಕೆಲಸ ಶುರುವಾದಾಗ ಎರಡು ಪೆನ್ನು ಇಟ್ಟುಕೊಳ್ಳಿ. ಚಳಿ ಹೆಚ್ಚಾದರೆ ಶಾಯಿ ಇಳಿಯುವುದಿಲ್ಲ, ಒಂದನ್ನು ಕೋಟಿನ ಒಳಜೇಬಿನಲ್ಲಿಡಿ.