ಸೇವಾ ವಿಷಯದ ವಕೀಲರನ್ನು ಕೇಳಿ: ನೇಮಕಾತಿ, ಪ್ರೊಬೇಷನ್, ಖಾಯಮಾತಿ

ಅಡ್ಮಿನ್: ಸರ್ಕಾರಿ ನೇಮಕಾತಿ, ಕೆಲಸದ ಭದ್ರತೆ ಬಗ್ಗೆ ಪ್ರಶ್ನೆಗಳನ್ನು ಇಲ್ಲೇ ಹಾಕಿ. ಕೆಎಟಿಯಲ್ಲಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಕೇಸು ನಡೆಸುವ ನಮ್ಮ ವಕೀಲರು ಬಿಡುವಾದಾಗ ಉತ್ತರಿಸುತ್ತಾರೆ. ಇಲಾಖೆ, ಅಧಿಕಾರಿಗಳ ಹೆಸರು ಬೇಡ.

ಹೊರಗುತ್ತಿಗೆ ಡಾಟಾ ಎಂಟ್ರಿ: ನಮಸ್ತೆ ಸರ್. ಏಜೆನ್ಸಿ ಮೂಲಕ ಸೇರಿ ಒಂಬತ್ತು ವರ್ಷ ಆಯ್ತು. 240 ದಿನ ಕೆಲಸ ಮಾಡಿದ್ರೆ ಖಾಯಂ ಅಂತ ಮೆಸೇಜ್ ಬಂದಿದೆ. ನಿಜಾನಾ?

ವಕೀಲರು: ನಿಜ ಅಲ್ಲ. 240 ದಿನದ ಲೆಕ್ಕ ಕಾರ್ಮಿಕ ಕಾನೂನಿನದು. ಕೆಲಸದಿಂದ ತೆಗೆಯುವಾಗ ನೋಟಿಸ್, ಪರಿಹಾರ ಕೊಡುವುದಕ್ಕೆ ಸಂಬಂಧಿಸಿದ್ದು. ಖಾಯಮಾತಿಗೂ ಅದಕ್ಕೂ ಸಂಬಂಧ ಇಲ್ಲ.

ಪ್ರೊಬೇಷನರಿ ಎಫ್‌ಡಿಎ: ಸರ್, ನಾನು ಪ್ರಥಮ ದರ್ಜೆ ಸಹಾಯಕಿ (ಎಫ್‌ಡಿಎ). ನನ್ನನ್ನು ಪ್ರೊಬೇಷನ್‌ನಲ್ಲೇ (ಪರೀಕ್ಷಾರ್ಥ ಅವಧಿ) ಕೆಲಸದಿಂದ ಬಿಡುಗಡೆ ಮಾಡಿದರು. ಆದೇಶ ಎರಡೇ ಪ್ಯಾರಾ, ‘ಸೇವೆಗೆ ಸೂಕ್ತರಲ್ಲ’ ಅಂತ ಇದೆ. ಆದರೆ ಮೇಲಿನ ಉಲ್ಲೇಖದಲ್ಲಿ ಮೂರನೆಯದಾಗಿ ‘ಹಣ ಪಡೆದ ಬಗ್ಗೆ ದೂರು ಹಾಗೂ ಪ್ರಾಥಮಿಕ ವರದಿ’ ಅಂತ ಹಾಕಿದ್ದಾರೆ. ಆ ವರದಿ ನನಗೆ ಕೊಟ್ಟೇ ಇಲ್ಲ. ವಿಚಾರಣೆನೂ ಆಗಿಲ್ಲ. ಹತ್ತು ತಿಂಗಳು ದಾಟಿತು, ಮನವಿ ಕೊಡ್ತಾನೇ ಇದ್ದೀನಿ. ಪ್ರತಿ ಮನವಿಗೂ ಕೆಎಟಿಗೆ ಹೋಗುವ ಗಡುವು ಹೊಸದಾಗಿ ಶುರುವಾಗುತ್ತೆ ಅಂತ ಸಂಘದವರು ಹೇಳಿದರು.

ವಕೀಲರು: ಮೇಡಂ, ನಿಮ್ಮದನ್ನು ಓದಿ ಗಾಬರಿ ಆಯಿತು. ಮನವಿ ಕೊಟ್ಟಷ್ಟೂ ಗಡುವು ಮುಂದೆ ಹೋಗುವುದಿಲ್ಲ. ಆಡಳಿತ ನ್ಯಾಯಮಂಡಳಿಗಳ ಕಾಯ್ದೆ, 1985ರ 21ನೇ ಕಲಂ ಪ್ರಕಾರ ಅಂತಿಮ ಆದೇಶದಿಂದ ಒಂದು ವರ್ಷ. ನಿಯಮದಲ್ಲೇ ಇರುವ ಮೇಲ್ಮನವಿ ಹಾಕಿ ಆರು ತಿಂಗಳು ಉತ್ತರ ಬರದಿದ್ದರೆ ಲೆಕ್ಕ ಬೇರೆ. ಬರೀ ಮನವಿ ಪತ್ರಕ್ಕೆ ಆ ಲಾಭ ಇಲ್ಲ. ಎಸ್.ಎಸ್. ರಾಥೋರ್ ಕೇಸಿನಲ್ಲಿ (1989) ಸುಪ್ರೀಂ ಕೋರ್ಟ್ ಇದನ್ನು ಹೇಳಿಬಿಟ್ಟಿದೆ. ತಡ ಮನ್ನಾ ಕೇಳಬಹುದು, ಆದರೆ ‘ಸಂಘದವರು ಹೇಳಿದರು’ ಅಂದರೆ ಯಾರೂ ಕೇಳುವುದಿಲ್ಲ. ಆದೇಶದ ಮೇಲಿನ ತಾರೀಖಿನಿಂದಲೇ ಎಣಿಸಿ.

ಇನ್ನು ಆದೇಶ. ಕೆಲಸ ಸರಿಯಿಲ್ಲ ಎಂದು ಪ್ರೊಬೇಷನರನ್ನು ಬಿಡುಗಡೆ ಮಾಡುವ ಅಧಿಕಾರ ಇಲಾಖೆಗಿದೆ. ಅದಕ್ಕೆ ಪೂರ್ಣ ವಿಚಾರಣೆ ಬೇಡ. ಆದರೆ ಒಳಗೆ ದುರ್ನಡತೆಯ ಆರೋಪ ಇಟ್ಟುಕೊಂಡು ಹೊರಗೆ ‘ಸೂಕ್ತರಲ್ಲ’ ಎಂದು ಬರೆದರೆ ಅದು ಶಿಕ್ಷೆಯೇ. ಸುಪ್ರೀಂ ಕೋರ್ಟಿನ ಧಿಂಗ್ರಾ (1958), ಶಂಶೇರ್ ಸಿಂಗ್ (1974) ತೀರ್ಪುಗಳನ್ನು ನಿಮ್ಮ ವಕೀಲರಿಗೆ ಹೇಳಿ. ಶಿಕ್ಷೆ ಎಂದಾದರೆ ಸಂವಿಧಾನದ 311(2)ನೇ ವಿಧಿ ಬರುತ್ತದೆ. ಆರೋಪ ತಿಳಿಸಬೇಕು, ಉತ್ತರ ಕೊಡಲು ಅವಕಾಶ ಕೊಡಬೇಕು. ‘ದೂರು ಸುಮ್ನೆ ಹಿನ್ನೆಲೆ, ಬಿಡುಗಡೆಗೆ ಅದು ಆಧಾರ ಅಲ್ಲ’ ಎಂದು ಇಲಾಖೆ ವಾದಿಸುತ್ತದೆ. ಇಡೀ ಜಗಳ ಅಲ್ಲೇ ನಡೆಯುವುದು. ಅದಕ್ಕೇ ಆ ಮೂರನೇ ಉಲ್ಲೇಖ ನಿಮ್ಮ ಕೈಲಿರುವ ದೊಡ್ಡ ದಾಖಲೆ. ವರದಿಗೆ ಆರ್‌ಟಿಐ ಹಾಕಿ, ಆದರೆ ಅದು ಬರಲಿ ಎಂದು ಕಾಯಬೇಡಿ.

ಸ್ಪರ್ಧಾರ್ಥಿ: ಸರ್, ಅಂತಿಮ ಆಯ್ಕೆ ಪಟ್ಟಿಯಲ್ಲಿ ಹೆಸರಿದೆ. ಆರ್ಡರ್ ಕೊಡ್ತಿಲ್ಲ.

ವಕೀಲರು: ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಹಕ್ಕು ಬರುವುದಿಲ್ಲ. ಸುಪ್ರೀಂ ಕೋರ್ಟಿನ ಶಂಕರ್ಸನ್ ದಾಶ್ ತೀರ್ಪು, 1991. ಹಾಗಂತ ಮನಸ್ಸಿಗೆ ಬಂದ ಹಾಗೆ ನೇಮಕಾತಿ ತಡೆಯುವಂತಿಲ್ಲ. ಕಾರಣ ಬರವಣಿಗೆಯಲ್ಲಿ ಕೇಳಿ.

ಕಲಬುರಗಿ ಸದಸ್ಯರು: 371ಜೆ (ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಡುವ ಸಂವಿಧಾನದ ವಿಧಿ) ಸ್ಥಳೀಯ ವೃಂದದಿಂದ ಹೊರಗೆ ಬಂದರೆ ಜ್ಯೇಷ್ಠತೆ ಏನಾಗುತ್ತೆ ಸರ್?

ಗುತ್ತಿಗೆ ನೌಕರ: ಎಲ್ಲರಿಗೂ ಕಳಿಸಿ!! ಸುಪ್ರೀಂ ಕೋರ್ಟಿನ ಜಗ್ಗೋ ತೀರ್ಪು ಬಂದಿದೆ, 10 ವರ್ಷ ಆದ ಎಲ್ಲಾ ಗುತ್ತಿಗೆ ನೌಕರರೂ ಖಾಯಂ! ಅಫಿಡವಿಟ್ ನಮೂನೆ ಕೆಳಗಿದೆ.

ವಕೀಲರು: ಅದಕ್ಕೆ ಸಹಿ ಹಾಕಬೇಡಿ. ಎರಡನೇ ಸಾಲಲ್ಲೇ ‘ಹುದ್ದೆ ಮಂಜೂರಾಗಿಲ್ಲ ಎಂದು ತಿಳಿದೇ ಸೇರಿದ್ದೇನೆ’ ಎಂದಿದೆ. ಓದಿದ್ದೀರಾ? ಇಲಾಖೆ ಪರವಾಗಿ ನೀವೇ ಬರೆದುಕೊಟ್ಟ ಹಾಗೆ. ಖಾಯಮಾತಿ ಬಗ್ಗೆ ಸುಪ್ರೀಂ ಕೋರ್ಟಿನ ಉಮಾದೇವಿ ತೀರ್ಪು (2006) ನಮ್ಮ ಕರ್ನಾಟಕದ್ದೇ ಕೇಸು. ಮಂಜೂರಾದ ಹುದ್ದೆ, ಅರ್ಹತೆ, ಕೋರ್ಟ್ ಆದೇಶದ ಆಸರೆ ಇಲ್ಲದೆ 10 ವರ್ಷ ಸೇವೆ ಇದ್ದವರಿಗೆ ಒಂದು ಬಾರಿಯ ಅವಕಾಶ, ಅಷ್ಟೇ. ಆ ತೀರ್ಪನ್ನೇ ನೆಪ ಮಾಡಿಕೊಂಡು ವರ್ಷಗಟ್ಟಲೆ ದುಡಿದವರನ್ನು ಹೊರಗೆ ಹಾಕಬೇಡಿ ಎಂದು ಜಗ್ಗೋದಲ್ಲಿ (2024) ಹೇಳಿದ್ದಾರೆ. ‘ಎಲ್ಲರೂ ಖಾಯಂ’ ಅಂತ ಎಲ್ಲೂ ಇಲ್ಲ.

ಸ್ಪರ್ಧಾರ್ಥಿ: ಸರಿಯಾಗಿ ಹೇಳಿದ್ರಿ. ನಾವು ರೂಮ್ ಮಾಡಿ ಓದೋದು, ಇವರು ಹಿಂಬಾಗಿಲಿಂದ ಬರೋದು.

ಗುತ್ತಿಗೆ ನೌಕರ: ಯಾವ ಹಿಂಬಾಗಿಲು? ನೇಮಕಾತಿನೇ ಮಾಡದೆ ನಮ್ಮಿಂದ ಕೆಲಸ ತೆಗೆಸಿದ್ದು ಸರ್ಕಾರ. ಪರೀಕ್ಷೆ ಅಂದ್ರೆ ಭಾರೀ ಪ್ರಾಮಾಣಿಕನಾ? 545 ಪಿಎಸ್‌ಐ ಹುದ್ದೆಗಳ ಪರೀಕ್ಷೆ ಅಕ್ರಮ ಮರೆತ್ರಾ?

ಸ್ಪರ್ಧಾರ್ಥಿ: ಯಾರೋ ಮಾಡಿದ ಅಕ್ರಮಕ್ಕೆ ಓದಿ ಬರೆದವರೂ 2024ರಲ್ಲಿ ಮತ್ತೆ ಬರೆದರು. ಅದು ನಮ್ಮ ನಷ್ಟ, ನಿಮ್ಮದಲ್ಲ.

ಡಿ ಗ್ರೂಪ್ ದಿನಗೂಲಿ: ನಮ್ಮಪ್ಪನ ವಯಸ್ಸಿನವರು ದಿನಗೂಲಿಯಲ್ಲೇ ರಿಟೈರ್ ಆಗ್ತಿದ್ದಾರೆ. ನೀವಿಬ್ಬರೂ ಬೇರೆ ಕಡೆ ಹೋಗಿ ಕಿತ್ತಾಡ್ರಪ್ಪಾ.

ಹೊಸ ಸದಸ್ಯ: ಸರ್, 240 ದಿನ ಆದ್ರೆ ಖಾಯಂ ಅಂತೆ, ಹೌದಾ?

ವಕೀಲರು: ಮೇಲೆ ಓದಿ.

ಕಲಬುರಗಿ ಸದಸ್ಯರು: ಸರ್, 371ಜೆ?

ಅನುಕಂಪದ ಅರ್ಜಿದಾರ: ಸರ್ಕಾರಿ ನೌಕರಿಯಲ್ಲಿದ್ದ ಅಪ್ಪ ತೀರಿಕೊಂಡು ಎಂಟು ತಿಂಗಳು. ಅಕ್ಕನಿಗೆ ಮದುವೆ ಆಗಿದೆ, ಅವಳು ಅನುಕಂಪದ ನೌಕರಿಗೆ ಅರ್ಜಿ ಹಾಕಬಹುದಾ?

ವಕೀಲರು: ಮದುವೆ ಆಗಿದೆ ಎನ್ನುವ ಒಂದೇ ಕಾರಣಕ್ಕೆ ತಳ್ಳುವಂತಿಲ್ಲ. 2021ರಲ್ಲಿ ನಿಯಮ ತಿದ್ದಿದ್ದಾರೆ. ತೀರಿಕೊಂಡ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ.

ಗುತ್ತಿಗೆ ನೌಕರ: ವಕೀಲರೇ ಹೀಗೆ ಹೆದರಿಸಿದ್ರೆ ಹೋರಾಟ ಹೇಗೆ? ಇಲಾಖೆ ಕಡೆಯವರಾ ನೀವು?

ವಕೀಲರು: ಫೀಸಿಲ್ಲದೆ ಬರೆಯುತ್ತಿದ್ದೇನೆ. ಬೇಡವಾದರೆ ಬಿಡಿ. ಎಫ್‌ಡಿಎ ಮೇಡಂ, ಆದೇಶದ ತಾರೀಖು ಯಾವುದು?

ಪ್ರೊಬೇಷನರಿ ಎಫ್‌ಡಿಎ: ಈಗ ನೋಡಿದೆ ಸರ್. ಕೈಗೆ ಸಿಕ್ಕಿದ್ದಕ್ಕಿಂತ ಐದು ವಾರ ಹಿಂದಿನ ತಾರೀಖು.

ವಕೀಲರು: ಹಾಗಾದರೆ ಉಳಿದಿರುವುದು ಕೆಲವೇ ದಿನ. ಕೆಎಟಿ ಬೆಂಗಳೂರು, ಬೆಳಗಾವಿ, ಕಲಬುರಗಿಯಲ್ಲಿದೆ. ನಿಮ್ಮ ಜಿಲ್ಲೆ ಯಾವ ಪೀಠಕ್ಕೆ ಬರುತ್ತೆ ನೋಡಿ, ನಾಳೆಯೇ ಹೋಗಿ. ಆದೇಶ ಬಂದ ಅಂಚೆ ಕವರ್ ಬಿಸಾಕಬೇಡಿ, ಅದರ ಮೇಲಿನ ಮುದ್ರೆ ಬೇಕಾಗುತ್ತದೆ.